ಗೆದ್ದ ಮೇಲಿನ ವರ್ಷಗಳು

ಮಗಳೇ, ನಿನಗೆ ಆಟಗಳೆಲ್ಲ ಬಾಯಿಪಾಠ. ಹದಿಮೂರು ವರ್ಷದ ಬಾಬಿ ಫಿಷರ್ 1956ರಲ್ಲಿ ಡೊನಾಲ್ಡ್ ಬರ್ನ್ ಎದುರು ರಾಣಿಯನ್ನೇ ಬಿಟ್ಟುಕೊಟ್ಟು ಗೆದ್ದ ಆಟವನ್ನು ಮಣೆ ಮುಂದಿಲ್ಲದೆಯೂ ಕೊನೆಯ ನಡೆಯವರೆಗೆ ಹೇಳಿಬಿಡುತ್ತೀಯ. ಕ್ಯಾಪಬ್ಲಾಂಕ ಎಂಡ್‌ಗೇಮ್ ಮುಗಿಸುತ್ತಿದ್ದ ಬಗೆ, ತಾಲ್ ಕಾಯಿ ಬಲಿಕೊಡುತ್ತಿದ್ದ ಬಗೆ, 2013ರಲ್ಲಿ ವೈಕ್ ಆನ್ ಜೀಯಲ್ಲಿ ಆನಂದ್ ಅರೋನಿಯನ್‌ರನ್ನು ಕೆಡವಿದ್ದು, ಎಲ್ಲ ನಾಲಿಗೆಯ ತುದಿಯಲ್ಲಿದೆ. ಅದೇ ಫಿಷರ್ 1973ರಲ್ಲಿ ಏನು ಮಾಡುತ್ತಿದ್ದ ಅಂತ ಕೇಳಿದರೆ ಮಾತ್ರ ಸೂರು ನೋಡುತ್ತೀಯ. ತಪ್ಪು ನಿನ್ನದಲ್ಲ. ಆಟಗಾರರ ಕಥೆ ಬರೆಯುವವರಲ್ಲಿ ಬಹಳ ಜನ ಕಿರೀಟ ತಲೆಗೇರಿದ ದಿನಕ್ಕೆ ಬಂದು ಪೆನ್ನಿನ ಮುಚ್ಚಳ ಹಾಕಿಬಿಡುತ್ತಾರೆ.

ಪಿಯುಸಿ ಮುಗಿದ ಮೇಲೆ ಓದು ಬಿಟ್ಟು ಬರೀ ಚೆಸ್ ಆಡುತ್ತೇನೆ ಎಂದು ಮನೆಯಲ್ಲಿ ಹೇಳಿದ್ದೀಯಂತೆ. ‘ನೀವಾದ್ರೂ ಒಂದು ಮಾತು ಹೇಳಿ ಮೇಷ್ಟ್ರೇ’ ಎಂದು ನಿಮ್ಮಪ್ಪ ಬಂದಿದ್ದರು. ಬುದ್ಧಿ ಹೇಳುವುದು ಅಂದರೆ ಬೇಡ ಅನ್ನುವುದು ಎಂದು ಅವರು ತಿಳಿದ ಹಾಗಿತ್ತು. ನಾನು ಬೇಡ ಅನ್ನುವವನಲ್ಲ. ಹಾಗಂತ ‘ಹೋಗು, ಗೆದ್ದು ಬಾ’ ಎಂದು ಬೆನ್ನು ತಟ್ಟಿ ಕಳಿಸಿ ನಿದ್ದೆ ಹೋಗುವವನೂ ಅಲ್ಲ. ಈ ಹಾದಿಯಲ್ಲಿ ನಿನಗಿಂತ ಮುಂಚೆ ಹೋದವರು ಏನಾದರು ಎನ್ನುವುದನ್ನು ನೋಡಿಕೊಂಡು ಹೊರಡು ಎನ್ನುತ್ತೇನೆ, ಅಷ್ಟೇ. ಗೆಲ್ಲುವವರೆಗಿನ ಕಥೆ ನಿನಗೆ ಗೊತ್ತು. ಗೆದ್ದ ಮೇಲಿನ ವರ್ಷಗಳ ಕಥೆ ನಾನು ಹೇಳುತ್ತೇನೆ, ಕೇಳು.

ಪಾಲ್ ಮಾರ್ಫಿಯನ್ನು ಮೊದಲು ತೆಗೆದುಕೊಳ್ಳೋಣ. ಪ್ಯಾರಿಸ್ಸಿನ ಒಪೆರಾದಲ್ಲಿ ಕೂತು, ಒಬ್ಬ ಡ್ಯೂಕು ಒಬ್ಬ ಕೌಂಟು ಇಬ್ಬರೂ ಸೇರಿ ಆಡಿದರೂ 17 ನಡೆಗಳಲ್ಲಿ ಮೇಟ್ ಮಾಡಿದನಲ್ಲ, ಅವನೇ. 1837ರಲ್ಲಿ ನ್ಯೂ ಆರ್ಲಿಯನ್ಸ್‌ನಲ್ಲಿ ಹುಟ್ಟಿದ ಅನುಕೂಲಸ್ಥರ ಮನೆಯ ಹುಡುಗ. ಕಾನೂನು ಪದವಿ ಬೇಗನೆ ಮುಗಿಯಿತು. ವಕೀಲಿಕೆ ಮಾಡಲು ವಯಸ್ಸು ಸಾಲದು. ಆ ಬಿಡುವಿನಲ್ಲಿ ಚೆಸ್ ಆಡಿದ. 1857ರಲ್ಲಿ ನ್ಯೂಯಾರ್ಕಿನ ಮೊದಲ ಅಮೆರಿಕನ್ ಕಾಂಗ್ರೆಸ್ ಗೆದ್ದ, ಮರುವರ್ಷ ಯುರೋಪಿಗೆ ಹೋಗಿ ಅಲ್ಲಿನ ಅಗ್ರ ಆಟಗಾರ ಆಂಡರ್ಸನ್‌ನನ್ನು ಸೋಲಿಸಿದ. ಇಪ್ಪತ್ತೊಂದನೇ ವಯಸ್ಸಿಗೆ ಭೂಮಿಯ ಮೇಲೆ ಅವನಿಗೆ ಸರಿಸಾಟಿ ಇರಲಿಲ್ಲ. 1859ರಲ್ಲಿ ಊರಿಗೆ ವಾಪಸ್ಸು ಬಂದ. ಚೆಸ್ಸೇ ಕಸುಬಾಗುವುದು ಮರ್ಯಾದಸ್ಥರಿಗೆ ಹೇಳಿಸಿದ್ದಲ್ಲ ಎನ್ನುವುದು ಅವನ ಪಕ್ಕಾ ನಂಬಿಕೆ. ಗಂಭೀರ ಆಟ ಅಲ್ಲಿಗೆ ಮುಗಿಯಿತು. ವಕೀಲಿ ಕಚೇರಿ ತೆರೆದ, ಅಂತರ್ಯುದ್ಧ ಬಂತು, ಬಂದ ಕಕ್ಷಿದಾರರಿಗೂ ದಾವೆಗಿಂತ ಚೆಸ್ ಮಾತೇ ಬೇಕು. ಕಚೇರಿ ನಡೆಯಲಿಲ್ಲ. ಕೊನೆಕೊನೆಗೆ ಯಾರೋ ತನಗೆ ಕೇಡು ಬಗೆಯುತ್ತಿದ್ದಾರೆಂಬ ಸಂಶಯ ಹತ್ತಿತು. 1884ರಲ್ಲಿ, ನಲವತ್ತೇಳನೇ ವಯಸ್ಸಿನಲ್ಲಿ ಸ್ನಾನದ ತೊಟ್ಟಿಯಲ್ಲಿ ಸತ್ತ. ಯುರೋಪಿನಿಂದ ವಾಪಸ್ಸು ಬಂದ ದಿನಕ್ಕೂ ಈ ದಿನಕ್ಕೂ ನಡುವೆ 25 ವರ್ಷ. ನಿನ್ನ ಪುಸ್ತಕದಲ್ಲಿ ಆ 25 ವರ್ಷಕ್ಕೆ ಒಂದು ಸಾಲು ಇರಬಹುದು, ಹೆಚ್ಚೆಂದರೆ ಎರಡು.

ಇನ್ನು ಫಿಷರ್. ಅವನ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕು. ಏಕೆಂದರೆ ನಿನ್ನ ಕೋಣೆಯ ಗೋಡೆಯ ಮೇಲಿರುವ ಪಟ ಅವನದು.

ಹದಿನಾಲ್ಕಕ್ಕೆ ಅಮೆರಿಕದ ಚಾಂಪಿಯನ್, ಹದಿನೈದಕ್ಕೆ ಗ್ರ್ಯಾಂಡ್‌ಮಾಸ್ಟರ್. ಹದಿನಾರಕ್ಕೆ ಬ್ರೂಕ್ಲಿನ್ನಿನ ಹೈಸ್ಕೂಲು ಬಿಟ್ಟ. ಸೋವಿಯತ್ ಪತ್ರಿಕೆಗಳಲ್ಲಿ ಬರುವ ಆಟಗಳನ್ನು ಓದಲೆಂದೇ ರಷ್ಯನ್ ಕಲಿತ. 1971ರಲ್ಲಿ, ವಿಶ್ವ ಪಟ್ಟದ ಸವಾಲುಗಾರನನ್ನು ಆರಿಸುವ ಕ್ಯಾಂಡಿಡೇಟ್ಸ್ ಪಂದ್ಯಗಳಲ್ಲಿ, ತೈಮಾನೊವ್ ಎದುರು 6–0, ಲಾರ್ಸನ್ ಎದುರು 6–0. ಆ ಮಟ್ಟದಲ್ಲಿ ಅಂಥ ಅಂಕಿ ಅದುವರೆಗೆ ಯಾರೂ ಕಂಡಿರಲಿಲ್ಲ. 1972ರ ಬೇಸಿಗೆಯಲ್ಲಿ ಐಸ್‌ಲೆಂಡಿನ ರೇಕ್ಯಾವಿಕ್‌ನಲ್ಲಿ ವಿಶ್ವ ಚಾಂಪಿಯನ್ ಬೋರಿಸ್ ಸ್ಪಾಸ್ಕಿ ಎದುರು ಮೊದಲ ಆಟ ಸೋತ, ಎರಡನೆಯದಕ್ಕೆ ಬರಲೇ ಇಲ್ಲ, ಆಮೇಲೆ ಎದ್ದು ನಿಂತು 12½–8½ರಿಂದ ಗೆದ್ದ. ಶೀತಲ ಸಮರದ ನಟ್ಟನಡುವೆ ಒಬ್ಬ ಒಂಟಿ ಅಮೆರಿಕನ್ನು ಇಡೀ ಸೋವಿಯತ್ ಚೆಸ್ ವ್ಯವಸ್ಥೆಯನ್ನು ಮಣಿಸಿದ. ಇಲ್ಲಿಯವರೆಗೆ ನಿನಗೆ ಗೊತ್ತು.

1973ರಲ್ಲಿ ಅವನು ಏನೂ ಆಡಲಿಲ್ಲ. ಕ್ಯಾಲಿಫೋರ್ನಿಯದ ಪಸಡೇನಾದಲ್ಲಿ ಒಂದು ಚರ್ಚಿನ ಆಸರೆಯಲ್ಲಿದ್ದ, ಬಹುಮಾನದ ಹಣದಲ್ಲಿ ಒಂದು ಪಾಲನ್ನು ಅದಕ್ಕೇ ಕೊಟ್ಟಿದ್ದ. ಆಮೇಲೆ ಅವರನ್ನೂ ಬಯ್ದು ದೂರವಾದ. 1975ರಲ್ಲಿ ಪಟ್ಟಕ್ಕಾಗಿ ಕಾರ್ಪೊವ್ ಜೊತೆ ಆಡಬೇಕಾಗಿತ್ತು. ತನ್ನ ಷರತ್ತುಗಳೆಲ್ಲವನ್ನೂ ಒಪ್ಪಲಿಲ್ಲವೆಂದು ಪಟ್ಟವನ್ನೇ ಬಿಟ್ಟುಕೊಟ್ಟ. ರೇಕ್ಯಾವಿಕ್ ಆದ ಮೇಲೆ ಇಪ್ಪತ್ತು ವರ್ಷ ಅವನು ಸ್ಪರ್ಧೆಯಲ್ಲಿ ಒಂದೇ ಒಂದು ಆಟವನ್ನೂ ಆಡಲಿಲ್ಲ. 1992ರಲ್ಲಿ ಯುಗೊಸ್ಲಾವಿಯದಲ್ಲಿ ಸ್ಪಾಸ್ಕಿ ಜೊತೆ ಮತ್ತೆ ಆಡಿದಾಗ, ನಿರ್ಬಂಧವಿರುವ ದೇಶದಲ್ಲಿ ಆಡಬೇಡವೆಂದು ಅಮೆರಿಕ ಸರ್ಕಾರ ಕಳಿಸಿದ ಕಾಗದದ ಮೇಲೆ ಕ್ಯಾಮೆರಾಗಳ ಮುಂದೆಯೇ ಉಗಿದ. ತನ್ನ ದೇಶಕ್ಕೆ ಮತ್ತೆಂದೂ ಕಾಲಿಡಲಾಗಲಿಲ್ಲ. ಅವನ ತಾಯಿ ಯಹೂದಿ. ಅವನು ರೇಡಿಯೊಗಳಲ್ಲಿ ಯಹೂದಿಗಳ ಮೇಲೆ ವಿಷ ಕಾರಿದ. 2004ರಲ್ಲಿ ಜಪಾನಿನ ವಿಮಾನ ನಿಲ್ದಾಣದಲ್ಲಿ ಪಾಸ್‌ಪೋರ್ಟ್ ಸಿಂಧುವಲ್ಲವೆಂದು ಹಿಡಿದು ಎಂಟು ತಿಂಗಳು ಕೂಡಿಹಾಕಿದರು. ಐಸ್‌ಲೆಂಡ್ ತನ್ನ ಹಳೆಯ ಅತಿಥಿಗೆ ಪೌರತ್ವ ಕೊಟ್ಟು ಬಿಡಿಸಿಕೊಂಡಿತು. 2008ರ ಜನವರಿಯಲ್ಲಿ ಅಲ್ಲೇ ತೀರಿಕೊಂಡ. ವಯಸ್ಸು 64. ಮಣೆಯ ಮನೆಗಳಿಗೂ ಆ ವಯಸ್ಸಿಗೂ ತಾಳೆ ಹಾಕಿ ಚಂದ ಮಾಡಿ ಬರೆಯುವವರಿದ್ದಾರೆ. ನನಗಂತೂ ಅದರಲ್ಲಿ ಚಂದ ಏನೂ ಕಾಣುವುದಿಲ್ಲ. ಕಿಡ್ನಿ ಕೆಟ್ಟು, ಸರಿಯಾದ ಚಿಕಿತ್ಸೆಯನ್ನೂ ಬೇಡವೆಂದು ಸತ್ತ ಮನುಷ್ಯ ಅವನು.

ಈಗ ಅದೇ 1973ನ್ನು ಆಚೆ ಕಡೆಯಿಂದ ನೋಡು. ಸೋತ ಸ್ಪಾಸ್ಕಿ ಮಾಸ್ಕೋಗೆ ಹೋದ. ಸೋತವನನ್ನು ಅಲ್ಲಿ ಯಾರೂ ಹಾರ ಹಾಕಿ ಕರೆಯಲಿಲ್ಲ. ಮುಖ ತಿರುಗಿಸಿದರು, ವಿದೇಶ ಪ್ರಯಾಣಕ್ಕೆ ಅಡ್ಡಿ ಮಾಡಿದರು. ಅವನು ಕೂತು ಕೊರಗಲಿಲ್ಲ. ಆ ವರ್ಷದ ಸೋವಿಯತ್ ಚಾಂಪಿಯನ್‌ಶಿಪ್ ಆಡಿದ. ಕಾರ್ಪೊವ್, ಕೊರ್ಚ್‌ನೊಯ್, ಪೆಟ್ರೊಸಿಯನ್, ತಾಲ್ ಎಲ್ಲರೂ ಇದ್ದ ಕಣ ಅದು, ವಿಶ್ವ ಚಾಂಪಿಯನ್‌ಶಿಪ್ಪಿಗಿಂತ ಕಷ್ಟದ್ದು ಎಂದರೂ ಅಡ್ಡಿಯಿಲ್ಲ. ಅದರಲ್ಲಿ ಸ್ಪಾಸ್ಕಿ ಮೊದಲಿಗನಾದ. ಗೆದ್ದವನು ಮಣೆ ಮಡಚಿಟ್ಟ ವರ್ಷವೇ ಸೋತವನು ತನ್ನ ಬದುಕಿನ ಒಳ್ಳೆಯ ಚೆಸ್ ಆಡಿದ.

ಸ್ಪಾಸ್ಕಿಯದು ಬರೀ ಮನೋಬಲ ಎಂದು ನಾನು ಹೇಳುವುದಿಲ್ಲ, ಅವನದು ಗುಣ. ರೇಕ್ಯಾವಿಕ್‌ನ ಆರನೆಯ ಆಟವನ್ನು ಫಿಷರ್ ಅಷ್ಟು ಚೆನ್ನಾಗಿ ಆಡಿದಾಗ, ಸೋತು ಕೂತಿದ್ದ ಸ್ಪಾಸ್ಕಿ ಪ್ರೇಕ್ಷಕರ ಜೊತೆ ಸೇರಿ ಚಪ್ಪಾಳೆ ತಟ್ಟಿದ. ಮೂವತ್ತೆರಡು ವರ್ಷದ ಮೇಲೆ, ಫಿಷರ್ ಜಪಾನಿನಲ್ಲಿ ಸೆರೆಯಾಗಿದ್ದಾಗ, ಅಮೆರಿಕದ ಅಧ್ಯಕ್ಷರಿಗೆ ಕಾಗದ ಬರೆದ: ಅವನು ಮಾಡಿದ ತಪ್ಪನ್ನೇ ನಾನೂ ಮಾಡಿದ್ದೇನೆ, ನನ್ನನ್ನೂ ಹಿಡಿದು ಅವನ ಸೆಲ್ಲಿಗೇ ಹಾಕಿ, ಆಡುವುದಕ್ಕೆ ಒಂದು ಚೆಸ್ ಸೆಟ್ಟು ಕೊಡಿ ಎಂಬರ್ಥದ ಕಾಗದ. ಸ್ಪಾಸ್ಕಿ ತೀರಿಕೊಂಡದ್ದು 2025ರ ಫೆಬ್ರುವರಿಯಲ್ಲಿ, ಎಂಬತ್ತೆಂಟು ತುಂಬಿದ್ದಾಗ. ಫಿಷರನ ಪಟ ತೆಗೆ ಎಂದು ನಾನು ಹೇಳುತ್ತಿಲ್ಲ. ಪಕ್ಕದಲ್ಲಿ ಸ್ಪಾಸ್ಕಿಯದೂ ಒಂದಿರಲಿ.

ಇಲ್ಲಿ ಒಂದು ಎಚ್ಚರ ಬೇಕು. ಚೆಸ್ ಆಡಿದವರಿಗೆ ತಲೆ ಕೆಡುತ್ತದೆ ಎಂದು ನಿಮ್ಮ ಸೋದರತ್ತೆಯಂಥವರು ಹೇಳಿಕೊಂಡು ತಿರುಗುತ್ತಾರೆ. ಅದು ಸುಳ್ಳು. ಮನಸ್ಸಿನ ಕಾಯಿಲೆ ಯಾರಿಗೆ ಬೇಕಾದರೂ ಬರುತ್ತದೆ, ಅದು ಸೋಮಾರಿತನವೂ ಅಲ್ಲ, ದುರಹಂಕಾರಕ್ಕೆ ದೇವರು ಕೊಟ್ಟ ಶಿಕ್ಷೆಯೂ ಅಲ್ಲ. ಅಕಿಬಾ ರೂಬಿನ್‌ಸ್ಟೈನ್ 1912ರ ಒಂದೇ ವರ್ಷದಲ್ಲಿ ಐದು ದೊಡ್ಡ ಟೂರ್ನಿ ಗೆದ್ದವನು. ಪಟ್ಟಕ್ಕೆ ಆಡುವ ಅವಕಾಶ 1914ರ ಯುದ್ಧದಲ್ಲಿ ಕೊಚ್ಚಿಹೋಯಿತು. ಮನುಷ್ಯರನ್ನು ಕಂಡರೇ ಭಯಪಡುವ ಕಾಯಿಲೆ ಹೆಚ್ಚಾಗಿ, ಐವತ್ತೊಂದು ಐವತ್ತೆರಡರ ವಯಸ್ಸಿನ ಹೊತ್ತಿಗೆ ಆಟ ನಿಲ್ಲಿಸಿದ. ಆಮೇಲೆ ಸುಮಾರು ಮೂವತ್ತು ವರ್ಷ ಬೆಲ್ಜಿಯಂನಲ್ಲಿ ಬದುಕಿದ್ದ. ಅವನ ಕಾಲದಲ್ಲಿ ಇದನ್ನು ಬಾಯಿಬಿಟ್ಟು ಹೇಳುವ ಹಾಗಿರಲಿಲ್ಲ. ನಿನ್ನ ಕಾಲದಲ್ಲಿ ಹೇಳಬಹುದು. 2023ರಲ್ಲಿ ಅಸ್ತಾನಾದಲ್ಲಿ ವಿಶ್ವ ಚಾಂಪಿಯನ್ ಆದ ಚೀನಾದ ಡಿಂಗ್ ಲಿರೆನ್, ಪಟ್ಟ ಬಂದ ಮೇಲೆ ಖಿನ್ನತೆಗೆ ಬಿದ್ದು ತಿಂಗಳುಗಟ್ಟಲೆ ಆಡದೆ ಚಿಕಿತ್ಸೆ ಪಡೆದರು. ಅದನ್ನು ಮುಚ್ಚಿಡದೆ ಪತ್ರಕರ್ತರ ಮುಂದೆ ಹೇಳಿಕೊಂಡರು. ನಿದ್ದೆ ಬರದ ರಾತ್ರಿಗಳು ಸಾಲುಗಟ್ಟಿದರೆ ನೀನೂ ಹೇಳು. ನಮ್ಮಲ್ಲಿ ವೈದ್ಯರಿದ್ದಾರೆ, ಬೆಂಗಳೂರಿನಲ್ಲಿ ನಿಮ್ಹಾನ್ಸ್ ಇದೆ.

ದುಡ್ಡಿನ ಮಾತನ್ನು ಹಿರಿಯರು ಇಂಥ ಕಡೆ ಎತ್ತುವುದಿಲ್ಲ. ನಾನು ಎತ್ತುತ್ತೇನೆ. ಮೊದಲ ಅಧಿಕೃತ ವಿಶ್ವ ಚಾಂಪಿಯನ್ ವಿಲ್ಹೆಲ್ಮ್ ಸ್ಟೈನಿಟ್ಸ್. ಇವತ್ತು ನಿನ್ನ ಕೋಚ್ ‘ಪೊಸಿಷನ್ ನೋಡಿ ಆಡು’ ಎನ್ನುತ್ತಾರಲ್ಲ, ಆ ವಿದ್ಯೆಯ ಮೂಲಪುರುಷ. 1900ರಲ್ಲಿ ನ್ಯೂಯಾರ್ಕಿನ ಮಾನಸಿಕ ಆಸ್ಪತ್ರೆಯಲ್ಲಿ, ಕೈಯಲ್ಲಿ ಕಾಸಿಲ್ಲದೆ ಸತ್ತ. ಅವನನ್ನು ಸೋಲಿಸಿ 1894ರಲ್ಲಿ ಪಟ್ಟಕ್ಕೆ ಬಂದ ಇಮ್ಯಾನುಯೆಲ್ ಲಾಸ್ಕರ್ ಇದನ್ನು ನೋಡಿದ್ದ. ಆಡುವುದಕ್ಕೆ ಕರೆದವರ ಹತ್ತಿರ ಒಳ್ಳೆಯ ಶುಲ್ಕ ಕೇಳಿಯೇ ಕೇಳುತ್ತಿದ್ದ; ದುರಾಸೆಯವನೆಂದು ಬೈದರೂ ಬಗ್ಗಲಿಲ್ಲ. 27 ವರ್ಷ ಚಾಂಪಿಯನ್ ಆಗಿದ್ದ, ಅದರ ನಡುವೆಯೇ ಗಣಿತದಲ್ಲಿ ಡಾಕ್ಟರೇಟ್ ಮಾಡಿದ. ಗಣಿತ ಎಂ.ಎಸ್ಸಿ. ಓದುವ ನಿಮ್ಮಣ್ಣನನ್ನು ಕೇಳು, ಲಾಸ್ಕರ್–ನೋಯ್ಟರ್ ಪ್ರಮೇಯ ಅವನ ಪಠ್ಯದಲ್ಲಿದ್ದರೂ ಇರಬಹುದು. ಅದೇ ಲಾಸ್ಕರ್. ಇಷ್ಟು ಜಾಣನಿಗೂ ಬದುಕು ಲೆಕ್ಕದ ಪ್ರಕಾರ ನಡೆಯಲಿಲ್ಲ. ಜರ್ಮನಿಯಲ್ಲಿ ನಾಜಿಗಳು ಬಂದು ಅವನ ಆಸ್ತಿಪಾಸ್ತಿ ಕಿತ್ತುಕೊಂಡರು, ಯಹೂದಿಯಾದ ಅವನು ದೇಶ ಬಿಟ್ಟ. ಮುದಿ ವಯಸ್ಸಿನಲ್ಲಿ ಹೊಟ್ಟೆಪಾಡಿಗೆ ಮತ್ತೆ ಕಾಯಿ ಕೈಗೆತ್ತಿಕೊಳ್ಳಬೇಕಾಯಿತು. 1935ರಲ್ಲಿ ಮಾಸ್ಕೋದಲ್ಲಿ, ಅರವತ್ತಾರನೇ ವಯಸ್ಸಿನಲ್ಲಿ, ಒಂದೂ ಆಟ ಸೋಲದೆ ಮೂರನೆಯವನಾದ, ಬೊಟ್ವಿನ್ನಿಕ್ ಮತ್ತು ಫ್ಲೋರ್‌ಗಿಂತ ಅರ್ಧ ಅಂಕ ಮಾತ್ರ ಹಿಂದೆ, ಕ್ಯಾಪಬ್ಲಾಂಕಗಿಂತ ಮುಂದೆ. ನಾನು ಯಾರನ್ನಾದರೂ ಮನಸಾರೆ ಮೆಚ್ಚುವುದಾದರೆ ಈ ಮುದುಕನನ್ನು.

ಕಳೆದುಕೊಂಡ ಮೇಲೂ ಬಾಳಿದವರ ಮಾತು ಬಂದಾಗ ನಮ್ಮ ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರ ಹೆಸರನ್ನೂ ಹೇಳಬೇಕು. 1831ರಲ್ಲಿ ಬ್ರಿಟಿಷರು ಆಡಳಿತವನ್ನು ಕೈಗೆ ತೆಗೆದುಕೊಂಡ ಮೇಲೆ ಅವರು ಹೆಸರಿಗೆ ಮಾತ್ರ ಅರಸರು. ಆ ದಶಕಗಳಲ್ಲಿ ಚದುರಂಗದ ಕುದುರೆಯನ್ನು 64 ಮನೆಗಳಲ್ಲೂ ಒಂದೊಂದೇ ಸಲ ನಡೆಸುವ ಜಾಣ್ಮೆಯ ಲೆಕ್ಕಗಳನ್ನೂ ಬಗೆಬಗೆಯ ಮಣೆಯಾಟಗಳನ್ನೂ ಕಟ್ಟಿದರು. ಅರಮನೆಯಲ್ಲಿದ್ದವರಿಗೆ ಊಟದ ಚಿಂತೆ ಇರಲಿಲ್ಲ, ನಿಜ. ಆದರೂ ಕೈತಪ್ಪಿದ್ದನ್ನೇ ನೆನೆಯುತ್ತ ಕೂರದೆ ಹೀಗೆ ಕಾಲ ಕಳೆದ ಅರಸರು ಎಷ್ಟು ಜನ?

ಅದೇ ಜಾತಿಯವರು ವಾಸಿಲಿ ಸ್ಮಿಸ್ಲೊವ್. ಒಪೆರಾ ಗಾಯಕರಾಗಬೇಕೆಂದು 1950ರಲ್ಲಿ ಬೊಲ್ಶೊಯ್ ರಂಗಮಂದಿರದ ಆಯ್ಕೆಗೆ ಹೋಗಿ ಹಾಡಿದರು, ತೆಗೆದುಕೊಳ್ಳಲಿಲ್ಲ. 1957ರಲ್ಲಿ ವಿಶ್ವ ಚಾಂಪಿಯನ್ ಆದರು. ಮರುವರ್ಷವೇ ಬೊಟ್ವಿನ್ನಿಕ್ ಕಿತ್ತುಕೊಂಡರು. ಒಂದೇ ಒಂದು ವರ್ಷದ ಪಟ್ಟ. ಆಮೇಲೆ ಏನಾಯಿತು ಕೇಳು. 1983ರಲ್ಲಿ, ಅರವತ್ತೆರಡರ ವಯಸ್ಸಿನಲ್ಲಿ, ಕ್ಯಾಂಡಿಡೇಟ್ಸ್ ಪಂದ್ಯಾವಳಿಯಲ್ಲಿ ಜರ್ಮನಿಯ ಹ್ಯೂಬ್ನರ್ ಜೊತೆ ಆಡಿ, ಎಷ್ಟಾಡಿದರೂ ಸಮ. ಕೊನೆಗೆ ಆಸ್ಟ್ರಿಯದ ಕ್ಯಾಸಿನೊ ಒಂದರಲ್ಲಿ ರೂಲೆಟ್ ಚಕ್ರ ತಿರುಗಿಸಿ ಯಾರು ಮುಂದಕ್ಕೆ ಎಂದು ತೀರ್ಮಾನಿಸಿದರು! ಅದೃಷ್ಟ ಸ್ಮಿಸ್ಲೊವ್ ಕಡೆಗಿತ್ತು. ಮುಂದೆ ರಿಬ್ಲಿಯನ್ನು ಅದೃಷ್ಟದ ನೆರವಿಲ್ಲದೆಯೇ ಸೋಲಿಸಿದರು. 1984ರ ಫೈನಲ್ಲಿನಲ್ಲಿ ಕೂತದ್ದು ತಮಗಿಂತ 42 ವರ್ಷ ಚಿಕ್ಕವನಾದ ಕಾಸ್ಪರೊವ್ ಎದುರು. ಸೋತರು, ಅದೇನೂ ದೊಡ್ಡದಲ್ಲ. ಹಾಡುವುದನ್ನು ಕೊನೆತನಕ ಬಿಡಲಿಲ್ಲ. ಇಳಿವಯಸ್ಸಿನಲ್ಲಿ ಕಣ್ಣು ಸರಿಯಾಗಿ ಕಾಣದಿದ್ದಾಗಲೂ ಮನಸ್ಸಿನಲ್ಲೇ ಎಂಡ್‌ಗೇಮ್ ಸಮಸ್ಯೆಗಳನ್ನು ಕಟ್ಟುತ್ತಿದ್ದರು.

ಎಲ್ಲರಿಗೂ ತಮ್ಮ ಬದುಕಿನ ಮೇಲೆ ಅಷ್ಟು ಹಕ್ಕು ಇರುತ್ತದೆಯೇ? ಸುಲ್ತಾನ್ ಖಾನ್‌ಗೆ ಇರಲಿಲ್ಲ. ಪಂಜಾಬಿನ ಸರ್ಗೋಧಾ ಕಡೆಯವರು, ನವಾಬ ಸರ್ ಉಮರ್ ಹಯಾತ್ ಖಾನರ ಪರಿವಾರದಲ್ಲಿದ್ದವರು. ಕಲಿತದ್ದು ನಮ್ಮ ಹಳೆಯ ಪದ್ಧತಿಯ ಚದುರಂಗ, ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಹೋಗುವ ಆಟ. ನವಾಬರ ಜೊತೆ 1929ರಲ್ಲಿ ಲಂಡನ್ನಿಗೆ ಹೋದವರು ಕೆಲವೇ ತಿಂಗಳಲ್ಲಿ ಬ್ರಿಟಿಷ್ ಚಾಂಪಿಯನ್ ಆದರು. ನಾಲ್ಕು ಸಲ ಆಡಿ ಮೂರು ಸಲ ಗೆದ್ದರು. ಹೇಸ್ಟಿಂಗ್ಸ್‌ನಲ್ಲಿ ಕ್ಯಾಪಬ್ಲಾಂಕನನ್ನು ಸೋಲಿಸಿದರು. ಒಲಿಂಪಿಯಾಡ್‌ಗಳಲ್ಲಿ ಇಂಗ್ಲೆಂಡಿನ ಮೊದಲ ಬೋರ್ಡು ಅವರದೇ. ನವಾಬರು ಊರಿಗೆ ಮರಳಿದಾಗ ಇವರೂ ಮರಳಿದರು, ಅಷ್ಟೇ. ಜಗತ್ತಿನ ಹತ್ತು ಜನರಲ್ಲಿ ಒಬ್ಬರಾಗಬಹುದಾಗಿದ್ದವರ ಅಂತರರಾಷ್ಟ್ರೀಯ ಆಟ ಐದು ವರ್ಷದೊಳಗೆ ಮುಗಿಯಿತು. 1966ರಲ್ಲಿ ತೀರಿಕೊಂಡರು. ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿಯನ್ನು ಅಂತರರಾಷ್ಟ್ರೀಯ ಚೆಸ್ ಸಂಸ್ಥೆಯಾದ ಫಿಡೆ ಕೊಟ್ಟದ್ದು 2024ರಲ್ಲಿ. ಸುಲ್ತಾನ್ ಖಾನರ ಕಥೆ ಹೇಳಲು ಕಾರಣ ಇದೆ. ನಿನ್ನ ಖರ್ಚನ್ನು ಯಾರಾದರೂ ಪ್ರಾಯೋಜಕರು ವಹಿಸಿಕೊಳ್ಳಲು ಬಂದರೆ, ಕಾಗದವನ್ನು ಓದಿ ಸಹಿ ಮಾಡು. ಎಲ್ಲಿ ಆಡಬೇಕು, ಯಾವಾಗ ನಿಲ್ಲಿಸಬೇಕು ಎನ್ನುವುದನ್ನು ಯಾರು ತೀರ್ಮಾನಿಸುತ್ತಾರೆ ಎನ್ನುವುದನ್ನು ಮೊದಲೇ ಕೇಳು. ಕೇಳುವುದರಲ್ಲಿ ಅವಮಾನವಿಲ್ಲ.

ಆನಂದ್ ಬಗ್ಗೆ ನಿನಗೆ ಹೊಸದಾಗಿ ಹೇಳುವುದೇನು? ತಾಯಿ ಸುಶೀಲಾ ಅವರಿಂದ ಕಲಿತದ್ದು, ಚೆನ್ನೈನ ತಾಲ್ ಚೆಸ್ ಕ್ಲಬ್ಬಿನಲ್ಲಿ ಗಂಟೆಗಟ್ಟಲೆ ಬ್ಲಿಟ್ಜ್ ಆಡಿದ್ದು, 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು, ಐದು ವಿಶ್ವ ಪಟ್ಟ, 2010ರಲ್ಲಿ ಐಸ್‌ಲೆಂಡಿನ ಜ್ವಾಲಾಮುಖಿಯ ಬೂದಿಯಿಂದ ವಿಮಾನಗಳು ನಿಂತಾಗ ರಸ್ತೆಯಲ್ಲೇ ಸುಮಾರು ನಲವತ್ತು ಗಂಟೆ ಸೋಫಿಯಾಕ್ಕೆ ಹೋಗಿ ಟೊಪಾಲೊವ್‌ನನ್ನು ಸೋಲಿಸಿದ್ದು, ಎಲ್ಲ ಗೊತ್ತು. 2013ರ ನವೆಂಬರನ್ನು ಮಾತ್ರ ನೆನಪಿಸುತ್ತೇನೆ. ಸ್ವಂತ ಊರಾದ ಚೆನ್ನೈನಲ್ಲಿ, ತಮ್ಮವರ ಕಣ್ಣೆದುರಿಗೆ, ಇಪ್ಪತ್ತೆರಡರ ಕಾರ್ಲ್‌ಸನ್ ಎದುರು ಒಂದೂ ಆಟ ಗೆಲ್ಲಲಾಗದೆ 3½–6½ರಿಂದ ಪಟ್ಟ ಹೋಯಿತು. ವಯಸ್ಸು ನಲವತ್ತನಾಲ್ಕರ ಹತ್ತಿರ ಬಂದಿತ್ತು. ನಿವೃತ್ತಿ ಯಾವಾಗ ಎಂದು ಪತ್ರಿಕೆಗಳಲ್ಲಿ ಬರೆದವರೇ ಬರೆದರು. ಆನಂದ್ ಮುಂದಿನ ಮಾರ್ಚಿನಲ್ಲಿ ಖಾಂಟಿ ಮನ್ಸಿಸ್ಕ್‌ನಲ್ಲಿ ಕ್ಯಾಂಡಿಡೇಟ್ಸ್ ಆಡಿ, ಗೆದ್ದು, ಅದೇ ಕಾರ್ಲ್‌ಸನ್ ಎದುರು ಮತ್ತೆ ಕೂತರು. ಆಗಲೂ ಸೋತರು. 2017ರ ಕೊನೆಯಲ್ಲಿ, ನಲವತ್ತೆಂಟು ತುಂಬಿದ ಮೇಲೆ, ರಿಯಾದ್‌ನಲ್ಲಿ ವಿಶ್ವ ರ್‍ಯಾಪಿಡ್ ಪಟ್ಟ ಗೆದ್ದರು.

ಅವರ ಗೆದ್ದ ಮೇಲಿನ ವರ್ಷಗಳ ಫಲ ಇನ್ನೊಂದು ಕಡೆಯೂ ಬೆಳೆಯಿತು. 2013ರ ಆ ಪಂದ್ಯವನ್ನು ಪ್ರೇಕ್ಷಕರ ಸಾಲಿನಲ್ಲಿ ಕೂತು ನೋಡಿದ ಏಳು ವರ್ಷದ ಹುಡುಗ ಗುಕೇಶ್, ಮುಂದೆ ಆನಂದ್ ಮಾರ್ಗದರ್ಶನದ ಅಕಾಡೆಮಿಯಲ್ಲೇ ಪಳಗಿದ. 2024ರ ಡಿಸೆಂಬರ್ 12, ಸಿಂಗಪುರ, ಡಿಂಗ್ ಎದುರಿನ ವಿಶ್ವ ಪಟ್ಟದ ಪಂದ್ಯದ ಹದಿನಾಲ್ಕನೆಯ ಆಟ. ನೀನು ಮೊಬೈಲಿನಲ್ಲಿ ನೋಡಿದ್ದೀಯ, ನಾನೂ ನೋಡಿದ್ದೇನೆ. ಡ್ರಾ ಆಗಿ ಟೈಬ್ರೇಕಿಗೆ ಹೋಗುತ್ತದೆ ಎಂದು ಎಲ್ಲರೂ ಅಂದುಕೊಂಡಿದ್ದ ಹೊತ್ತಿಗೆ, 55ನೆಯ ನಡೆಯಲ್ಲಿ ಡಿಂಗ್ ಆನೆಯನ್ನು ಎಫ್2 ಮನೆಗೆ ತಂದರು. ಆನೆಯೂ ಹೋಗಿ ಒಂಟೆಯೂ ಹೋದರೆ ಉಳಿಯುವುದು ರಾಜರು, ಕಾಲಾಳುಗಳು. ಗುಕೇಶನ ಕಡೆ ಒಂದು ಕಾಲಾಳು ಹೆಚ್ಚು. ಹುಡುಗನಿಗೆ ಮೊದಲು ನಂಬಿಕೆಯೇ ಬರಲಿಲ್ಲ. ನೀರು ಕುಡಿದ, ಉಸಿರು ಸರಿಮಾಡಿಕೊಂಡ, ಮತ್ತೆ ನೋಡಿ ಖಾತ್ರಿ ಮಾಡಿಕೊಂಡು ಆನೆ ಬದಲಾಯಿಸಿದ. ಡಿಂಗ್ ಕೈಕುಲುಕಿ ಸೋಲೊಪ್ಪಿದ ಮೇಲೆ ಗುಕೇಶ್ ಅತ್ತ. ಅಳುತ್ತಲೇ, ಚೆಲ್ಲಾಪಿಲ್ಲಿಯಾಗಿದ್ದ ಕಾಯಿಗಳನ್ನೆಲ್ಲ ಒಂದೊಂದಾಗಿ ಅವುಗಳ ಮೊದಲ ಮನೆಯಲ್ಲಿ ಜೋಡಿಸಿಟ್ಟ. ಆಮೇಲೇ ಎದ್ದದ್ದು. ಹದಿನೆಂಟು ವರ್ಷದವನಿಗೆ ಆ ಹೊತ್ತಿನಲ್ಲೂ ಆ ಶಿಸ್ತು ಮರೆಯಲಿಲ್ಲ. ಪತ್ರಕರ್ತರ ಮುಂದೆ ಕೂತಾಗ ಡಿಂಗ್ ಬಗ್ಗೆ ಗೌರವದ ಮಾತಾಡಿದ.

ಆಮೇಲಿನದನ್ನೂ ನೋಡು. 2025ರ ಸೆಪ್ಟೆಂಬರಿನಲ್ಲಿ ಸಮರ್ಕಂದ್‌ನ ಗ್ರ್ಯಾಂಡ್ ಸ್ವಿಸ್‌ನಲ್ಲಿ ಗುಕೇಶ್ ಸಾಲಾಗಿ ಮೂರು ಆಟ ಸೋತ, ಹದಿನಾರು ವರ್ಷದ ಅಭಿಮನ್ಯು ಮಿಶ್ರನಿಂದ ಶುರುವಾಗಿ. ವಿಶ್ವ ಚಾಂಪಿಯನ್ ಹೀಗೂ ಸೋಲಬಹುದೇ ಎಂದು ಮೊಬೈಲ್ ಹಿಡಿದವರೆಲ್ಲ ಗೇಲಿ ಮಾಡಿದರು. ಚಾಂಪಿಯನ್ ಆ ಟೂರ್ನಿ ಆಡಲೇಬೇಕೆಂದೇನೂ ಇರಲಿಲ್ಲ. 1973ರ ಫಿಷರನ ಹಾಗೆ ಮನೆಯಲ್ಲಿ ಕೂತಿದ್ದರೂ ಪಟ್ಟಕ್ಕೆ ಧಕ್ಕೆ ಇರುತ್ತಿರಲಿಲ್ಲ. ಅವನು ಆಡಿದ. ಆ ಹುಡುಗನ ಮೇಲೆ ನನಗೆ ಗೌರವ ಹೆಚ್ಚಿದ್ದು ಸಿಂಗಪುರದಲ್ಲಲ್ಲ, ಸಮರ್ಕಂದ್‌ನಲ್ಲಿ.

ನೀನು ಹೆಣ್ಣುಮಗಳು, ನಿನ್ನನ್ನು ಇನ್ನೂ ಒಂದು ಪ್ರಶ್ನೆ ಕಾಡುತ್ತದೆ: ಮದುವೆಯಾದ ಮೇಲೆ ಏನು? ಅದಕ್ಕೆ ಕೊನೇರು ಹಂಪಿ ಉತ್ತರ. 2002ರಲ್ಲಿ, ಹದಿನೈದನೇ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್ ಆಗಿ ಜೂಡಿಟ್ ಪೋಲ್ಗಾರ್‌ಳ ದಾಖಲೆ ಮುರಿದವರು. ಮಗು ಆದಾಗ ಸುಮಾರು ಎರಡು ವರ್ಷ ಆಟದಿಂದ ದೂರವಿದ್ದರು. 2019ರ ಕೊನೆಯಲ್ಲಿ ಮಾಸ್ಕೋದಲ್ಲಿ ಮಹಿಳಾ ವಿಶ್ವ ರ್‍ಯಾಪಿಡ್ ಪಟ್ಟ, 2024ರ ಕೊನೆಯಲ್ಲಿ ನ್ಯೂಯಾರ್ಕಿನಲ್ಲಿ ಮತ್ತೆ ಅದೇ ಪಟ್ಟ. 2025ರ ಮಹಿಳಾ ವಿಶ್ವಕಪ್ ಫೈನಲ್ಲಿನಲ್ಲಿ ಎದುರಿಗೆ ಕೂತದ್ದು ತಮ್ಮ ಅರ್ಧ ವಯಸ್ಸಿನ ದಿವ್ಯಾ ದೇಶ್‌ಮುಖ್. ದಿವ್ಯಾ ಗೆದ್ದಳು, ಇಬ್ಬರೂ ನಮ್ಮವರೇ. ಹಂಪಿ ಒಎನ್‌ಜಿಸಿಯಲ್ಲಿ ಕೆಲಸದಲ್ಲಿದ್ದಾರೆ ಎನ್ನುವುದನ್ನೂ ಮರೆಯಬೇಡ. ತಿಂಗಳ ಸಂಬಳ ಬರುವವರಿಗೆ ಎರಡು ವರ್ಷ ಆಡದೆ ಇರುವ ಧೈರ್ಯ ಬರುತ್ತದೆ.

ಗುಕೇಶನ ಅಪ್ಪ ಇಎನ್‌ಟಿ ಸರ್ಜನ್. ಮಗನ ಜೊತೆ ಊರೂರು ಸುತ್ತಲು ವೃತ್ತಿ ನಿಲ್ಲಿಸಿದರು, ಮನೆ ನಡೆದದ್ದು ತಾಯಿಯ ಸಂಬಳದಲ್ಲಿ. ಹುಡುಗ ನಾಲ್ಕನೇ ತರಗತಿ ಆದ ಮೇಲೆ ಶಾಲೆಗೆ ಸರಿಯಾಗಿ ಹೋಗಲೇ ಇಲ್ಲ. ನೀನು ಇದನ್ನೇ ಉದಾಹರಣೆಯಾಗಿ ಮನೆಯಲ್ಲಿ ಹಿಡಿಯುತ್ತೀಯ ಎಂದು ನನಗೆ ಗೊತ್ತು. ಹಾಗೆ ಮಾಡಿ ಗೆದ್ದವರ ಮನೆಗೆ ಟಿ.ವಿ.ಯವರು ಹೋಗುತ್ತಾರೆ. ಹಾಗೆ ಮಾಡಿ ಗೆಲ್ಲದವರ ಮನೆಗೆ ಯಾರೂ ಹೋಗುವುದಿಲ್ಲ. ಆ ಅಪ್ಪಂದಿರನ್ನು ನಾನು ಕಂಡಿದ್ದೇನೆ. ರೇಟಿಂಗ್ ಟೂರ್ನಿ ನಡೆಯುವ ಕಲ್ಯಾಣಮಂಟಪದ ಹೊರಗೆ ಚಪ್ಪಲಿ ಬಿಡುವ ಕಡೆ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು, ತಣ್ಣಗಾದ ಚಿತ್ರಾನ್ನದ ಡಬ್ಬಿ ತೊಡೆಯ ಮೇಲಿಟ್ಟುಕೊಂಡು ಕೂತಿರುತ್ತಾರೆ. ಮಗು ಬಾಗಿಲಲ್ಲಿ ಕಂಡ ಕೂಡಲೇ ಮುಖ ನೋಡಿಯೇ ಫಲಿತಾಂಶ ತಿಳಿಯುತ್ತದೆ. ಕೆಲವರು ಮೊದಲು ಡಬ್ಬಿ ಬಿಚ್ಚಿ ತಿನ್ನಿಸುತ್ತಾರೆ. ಕೆಲವರು ಸ್ಕೋರ್‌ಶೀಟ್ ಕಿತ್ತುಕೊಂಡು ಅಲ್ಲೇ, ಎಲ್ಲರ ಎದುರಿಗೇ, ಎಲ್ಲಿ ತಪ್ಪಿದೆ ಎಂದು ಗದರುತ್ತಾರೆ. ನಿಮ್ಮಪ್ಪ ಮೊದಲನೆಯ ಗುಂಪಿನವರು. ಅದು ನಿನ್ನ ಭಾಗ್ಯ.

ನಮ್ಮ ಮೈಸೂರಿನವರೇ ಆದ ಎಂ.ಎಸ್. ತೇಜ್‌ಕುಮಾರ್ ಅವರನ್ನು ನೋಡು. ನೈಋತ್ಯ ರೈಲ್ವೆಯಲ್ಲಿ ನೌಕರಿ ಮಾಡುತ್ತಲೇ ಆಡಿದರು. ಗ್ರ್ಯಾಂಡ್‌ಮಾಸ್ಟರ್ ಆಗಲು ಮೂರು ನಾರ್ಮ್ ಬೇಕು, ರೇಟಿಂಗ್ 2500 ಮುಟ್ಟಬೇಕು. ಅಷ್ಟೂ ಕೂಡಿಬಂದಾಗ 2017ನೇ ಇಸವಿ, ಅವರಿಗೆ ಮೂವತ್ತು ದಾಟಿ ಎಷ್ಟೋ ಕಾಲವಾಗಿತ್ತು. ಹನ್ನೆರಡಕ್ಕೇ ಆದವರ ಕಾಲದಲ್ಲಿ ಇದು ತಡ ಎನ್ನಿಸಬಹುದು. ಆದರೆ ಭಾರತದ ಐವತ್ತನೆಯ ಗ್ರ್ಯಾಂಡ್‌ಮಾಸ್ಟರ್ ಅವರು, ಕರ್ನಾಟಕದಿಂದ ಮೊದಲಿಗರು. ಅವರಿಗಿಂತ ಮೊದಲು ಈ ರಾಜ್ಯದಲ್ಲಿ ಓದು, ಕೆಲಸ ಎಲ್ಲ ಬಿಟ್ಟು ಆಡಿದವರೂ ಇದ್ದರು. ಅವರು ಆಗಲಿಲ್ಲ, ನೌಕರಿ ಬಿಡದ ಇವರು ಆದರು.

ಹಾಗಾಗಿ ನಾನು ಹೇಳುವುದು ಇಷ್ಟು. ಒಂದು ವರ್ಷ ತೆಗೆದುಕೋ, ಆದರೆ ಡಿಗ್ರಿಗೆ ಅರ್ಜಿ ಹಾಕಿಯೇ ತೆಗೆದುಕೋ. ಆಟಗಾರರಿಗೆ ಹಾಜರಿಯಲ್ಲಿ ರಿಯಾಯಿತಿ ಕೊಡುವ ಕಾಲೇಜು ಹುಡುಕಿದರೆ ಸಿಗುತ್ತದೆ. ಮುಂದೆ ಕ್ರೀಡಾ ಕೋಟಾದಲ್ಲಿ ಕೆಲಸಕ್ಕೆ ಹೋಗುವಾಗಲೂ ಅದು ಬೇಕಾಗುತ್ತದೆ. ಎಂಜಿನ್ ಎದುರು ಕೂರುವ ಹೊತ್ತನ್ನು ಸ್ವಲ್ಪ ಕಡಿಮೆ ಮಾಡಿ, ಬಿಟ್ಟಿರುವ ವೀಣೆಯನ್ನು ಮತ್ತೆ ಹಿಡಿ; ನಿಮ್ಮ ಬೀದಿಯ ಕೊನೆಯ ಮನೆಯ ಮೇಡಂ ಇನ್ನೂ ಪಾಠ ಹೇಳುತ್ತಾರೆ. ಈ ಭಾನುವಾರ ಅಪ್ಪ ಅಮ್ಮ ಇಬ್ಬರನ್ನೂ ಕೂರಿಸಿಕೊಂಡು ವರ್ಷದ ಖರ್ಚಿನ ಲೆಕ್ಕ ಬರೆ: ಎಂಟ್ರಿ ಫೀ, ರೈಲು, ಲಾಡ್ಜು, ಕೋಚಿಂಗು, ನಾರ್ಮ್‌ಗಾಗಿ ಹೊರದೇಶಕ್ಕೆ ಹೋಗುವುದಾದರೆ ಅದು. ನೀನಿನ್ನೂ ಚಿಕ್ಕವಳೆಂದು ನಿಮ್ಮಮ್ಮ ಜೊತೆಗೆ ಬರುತ್ತಾರೆ, ಬಂದಷ್ಟು ದಿನ ಅವರಿಗೆ ಸಂಬಳ ಕಡಿತ. ಅದನ್ನೂ ಲೆಕ್ಕದಲ್ಲಿ ಸೇರಿಸು. ಸಾಮಾನ್ಯವಾಗಿ ಯಾರೂ ಬರೆಯುವುದಿಲ್ಲ.